ಗಾಡಿ ಹಿಡಿದರು, ಮುಂದೇನು? ಓದುಗರ ಕಾನೂನು ಪ್ರಶ್ನೆಗಳು

ಸರ್ಕಾರಿ ಇಲಾಖೆಗಳು ಗಾಡಿ ಜಪ್ತಿ ಮಾಡಿದ ಬಗ್ಗೆ ಬಂದ ಪತ್ರಗಳಲ್ಲಿ ಎಂಟನ್ನು ಈ ಸಲ ಆಯ್ದುಕೊಂಡಿದ್ದೇವೆ. ಪತ್ರ ಬರೆದವರ ಹೆಸರು, ಊರು, ಠಾಣೆ, ಕಚೇರಿಗಳ ವಿವರ ಕೈಬಿಟ್ಟಿದ್ದೇವೆ. ಬಹುತೇಕ ಎಲ್ಲರೂ ಕೇಳಿರುವುದು 'ಗಾಡಿ ಯಾವಾಗ ಬಿಡುತ್ತಾರೆ?' ಎಂದು. ಅದಕ್ಕಿಂತ ಮೊದಲು ಕೇಳಬೇಕಾದದ್ದು 'ಯಾವ ಕಾಯ್ದೆಯಡಿ ಹಿಡಿದಿದ್ದಾರೆ?' ಎಂದು. ಯಾರ ಮುಂದೆ ಅರ್ಜಿ ಹಾಕಬೇಕು, ಎಷ್ಟು ದಿನದೊಳಗೆ, ನಿಮ್ಮ ಮಾತನ್ನು ಯಾರು ಕೇಳಬೇಕು ಎಂಬುದೆಲ್ಲ ಅದರ ಮೇಲೇ ನಿಂತಿದೆ.

ಪ್ರಶ್ನೆ: ಹಳ್ಳದ ಮರಳು ತುಂಬಿಕೊಂಡು ಬರುತ್ತಿದ್ದ ನನ್ನ ಟ್ರ್ಯಾಕ್ಟರ್ ಮತ್ತು ಟ್ರೈಲರನ್ನು ಪೊಲೀಸರು ಹಿಡಿದು 23 ದಿನ ಆಯಿತು. ಠಾಣೆಯಲ್ಲಿ ಕೇಳಿದರೆ ಗಣಿ ಇಲಾಖೆಗೆ ಹೋಗಿ ಅನ್ನುತ್ತಾರೆ, ಅಲ್ಲಿ ಹೋದರೆ ಇದು ಪೊಲೀಸ್ ಕೇಸು ಅನ್ನುತ್ತಾರೆ. ಕೈಯಲ್ಲಿ ಒಂದು ಚೀಟಿಯೂ ಇಲ್ಲ. ನನ್ನ ಮಾತು ಕೇಳದೆ ಗಾಡಿ ಇಟ್ಟುಕೊಳ್ಳಬಹುದೇ?

ಜಪ್ತಿ ಬೇರೆ, ಮುಟ್ಟುಗೋಲು ಬೇರೆ. ರಸ್ತೆಯಲ್ಲಿ ಗಾಡಿ ಹಿಡಿದು ತಾತ್ಕಾಲಿಕವಾಗಿ ವಶಕ್ಕೆ ತೆಗೆದುಕೊಳ್ಳುವುದು ಜಪ್ತಿ. ಆ ಹೊತ್ತಿಗೆ ನಿಮ್ಮ ಅಹವಾಲು ಕೇಳಲೇಬೇಕೆಂಬ ನಿಯಮ ಇಲ್ಲ. ಗಾಡಿ ಇನ್ನು ಸರ್ಕಾರದ್ದು ಎಂದು ಆದೇಶ ಮಾಡುವುದು ಮುಟ್ಟುಗೋಲು. ನಿಮ್ಮ ಮಾತು ಕೇಳದೆ ಆ ಆದೇಶ ಮಾಡುವಂತಿಲ್ಲ. ಗಣಿ ಮತ್ತು ಖನಿಜ ಕಾಯ್ದೆ 1957ರ 21(4ಎ) ಕಲಂ ಪ್ರಕಾರ ಮರಳು ಗಾಡಿಯ ಮುಟ್ಟುಗೋಲಿನ ಅಧಿಕಾರ ನ್ಯಾಯಾಲಯದ್ದು. ಇನ್‌ಸ್ಪೆಕ್ಟರ್ ಆಗಲಿ ಗಣಿ ಇಲಾಖೆಯ ಅಧಿಕಾರಿಯಾಗಲಿ ತಾವಾಗಿಯೇ ಅದನ್ನು ಮಾಡುವಂತಿಲ್ಲ.

ಮೊದಲು ಎಫ್‌ಐಆರ್ ಆಗಿದೆಯೇ ನೋಡಿ. ರಾಜ್ಯ ಪೊಲೀಸ್ ಜಾಲತಾಣದಲ್ಲಿ ಠಾಣೆ, ವರ್ಷ, ಅಪರಾಧ ಸಂಖ್ಯೆ ಹಾಕಿದರೆ ಪ್ರತಿ ಸಿಗುತ್ತದೆ. ಅದರಲ್ಲಿ ಎರಡು ಸಂಗತಿ ಗುರುತು ಮಾಡಿಕೊಳ್ಳಿ. ಯಾವ ಕಲಂಗಳು, ಮತ್ತು ಎಫ್‌ಐಆರ್ ಯಾವ ನ್ಯಾಯಾಲಯಕ್ಕೆ ಹೋಗಿದೆ. ಗಣಿ ಕಾಯ್ದೆಯ ಕೇಸುಗಳಿಗೆ ಕೆಲವು ಕಡೆ ವಿಶೇಷ ನ್ಯಾಯಾಲಯ ಇರುತ್ತದೆ. ಅರ್ಜಿಯನ್ನು ತಪ್ಪು ನ್ಯಾಯಾಲಯದಲ್ಲಿ ಹಾಕಿದರೆ ವಾರಗಟ್ಟಲೆ ನಷ್ಟ.

ಜಪ್ತಿ ಮಾಡಿದ ಪೊಲೀಸರು ಆ ವಿಷಯವನ್ನು ಕೂಡಲೇ ಮ್ಯಾಜಿಸ್ಟ್ರೇಟರಿಗೆ ವರದಿ ಮಾಡಬೇಕು. ಇದು 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ (ಬಿಎನ್‌ಎಸ್‌ಎಸ್) 106ನೇ ಕಲಂ. 105ನೇ ಕಲಂ ಪ್ರಕಾರ ಜಪ್ತಿಯ ವಿಡಿಯೊ ಚಿತ್ರೀಕರಣವೂ ಆಗಿರಬೇಕು. ವರದಿ ತಡವಾಯಿತು ಎಂಬ ಒಂದೇ ಕಾರಣಕ್ಕೆ ಜಪ್ತಿ ಬಿದ್ದುಹೋಗುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2024ರಲ್ಲಿ ಹೇಳಿದೆ. ಹಾಗಾಗಿ ಅದೊಂದನ್ನೇ ನೆಚ್ಚಿಕೊಂಡು ಕೂರಬೇಡಿ. ಆದರೆ 23 ದಿನವಾದರೂ ನ್ಯಾಯಾಲಯಕ್ಕೆ ಪಿ.ಎಫ್. ಹೋಗಿಲ್ಲ ಎಂದರೆ ಆ ಮಾತು ನಿಮ್ಮ ಅರ್ಜಿಯಲ್ಲಿ ಬರಲೇಬೇಕು. ಪಿ.ಎಫ್. ಎಂದರೆ ಜಪ್ತಾದ ಮುದ್ದಾಮಾಲಿನ (ಕೇಸಿಗೆ ಸಂಬಂಧಿಸಿದ ಸ್ವತ್ತಿನ) ಪಟ್ಟಿ ಇರುವ ನಮೂನೆ, ಅದಕ್ಕೆ ಒಂದು ನಂಬರ್ ಇರುತ್ತದೆ. ನ್ಯಾಯಾಲಯದ ಕಚೇರಿಯಲ್ಲಿ ಗಾಡಿಯನ್ನು ಹುಡುಕುವುದು ಆ ನಂಬರಿನಿಂದಲೇ.

ಎರಡೂ ಕಚೇರಿಯವರು ಬಾಯಿಮಾತಿನಲ್ಲಿ ಸಾಗಹಾಕುತ್ತಿದ್ದಾರೆ, ಅಲ್ಲವೇ? ಒಂದು ಪುಟದ ಮನವಿ ಬರೆದು ಎರಡೂ ಕಡೆ ಟಪಾಲು ವಿಭಾಗದಲ್ಲಿ ಕೊಡಿ, ನಿಮ್ಮ ಪ್ರತಿಯ ಮೇಲೆ ಮೊಹರು ಮತ್ತು ತಾರೀಖು ಹಾಕಿಸಿಕೊಳ್ಳಿ. ತೆಗೆದುಕೊಳ್ಳದಿದ್ದರೆ ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ. ಕೇಳಬೇಕಾದದ್ದು ಇಷ್ಟೇ: ಜಪ್ತಿ ಮಾಡಿದ ದಿನ, ಕಾಯ್ದೆ ಮತ್ತು ಕಲಂ, ಮಹಜರಿನ ಪ್ರತಿ, ಗಾಡಿ ಈಗ ಯಾರ ವಶದಲ್ಲಿದೆ. 'ಲಿಖಿತ ಹಿಂಬರಹ ಕೊಡಿ' ಎಂದು ಕೊನೆಗೆ ಬರೆಯಿರಿ. ಉತ್ತರ ಬಂದರೆ ದಾರಿ ತಿಳಿಯುತ್ತದೆ. ಬಾರದಿದ್ದರೆ ಆ ಮೊಹರಿನ ಪ್ರತಿಯೇ ನಾಳೆ ನಿಮ್ಮ ಸಾಕ್ಷಿ.

ಎಫ್‌ಐಆರ್ ಆಗಿದ್ದರೆ ವಕೀಲರ ಮೂಲಕ ಮಧ್ಯಂತರ ವಶಕ್ಕೆ ಅರ್ಜಿ ಹಾಕಿ. ಮುದ್ದಾಮಾಲು ನ್ಯಾಯಾಲಯದ ಮುಂದೆ ಬಂದಿದ್ದರೆ ಬಿಎನ್‌ಎಸ್‌ಎಸ್‌ನ 497ನೇ ಕಲಂ, ಬಾರದೆ ಬರೀ ವರದಿಯಷ್ಟೇ ಹೋಗಿದ್ದರೆ 503. ಇವು ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ (ಸಿಆರ್‌ಪಿಸಿ) 451 ಮತ್ತು 457. ಜೊತೆಗೆ ಆರ್‌ಸಿ, ವಿಮೆ, ಆಧಾರ್, ಗಾಡಿಯ ಫೋಟೊ, ಟ್ರೈಲರಿಗೆ ಪ್ರತ್ಯೇಕ ನೋಂದಣಿ ಇದ್ದರೆ ಅದರ ಆರ್‌ಸಿ ಇರಲಿ. ಟ್ರ್ಯಾಕ್ಟರಿಗಷ್ಟೇ ಅರ್ಜಿ ಹಾಕಿ ಟ್ರೈಲರನ್ನು ಮರೆಯುವುದು ಪದೇ ಪದೇ ಆಗುವ ತಪ್ಪು. ಆದೇಶದಲ್ಲಿ ಬರೆದದ್ದನ್ನಷ್ಟೇ ಠಾಣೆಯಲ್ಲಿ ಬಿಡುತ್ತಾರೆ. ಸರ್ಕಾರಿ ವಕೀಲರು ತಕರಾರು ಸಲ್ಲಿಸುತ್ತಾರೆ, ಆಮೇಲೆ ವಾದ. 2002ರ ಸುಂದರಭಾಯಿ ಅಂಬಾಲಾಲ್ ದೇಸಾಯಿ ತೀರ್ಪನ್ನು ಅರ್ಜಿಯಲ್ಲಿ ಹೇಳಲೇಬೇಕು. ಗಾಡಿಗಳನ್ನು ಠಾಣೆಯ ಆವರಣದಲ್ಲಿ ಬಹುಕಾಲ ನಿಲ್ಲಿಸಿ ಕೊಳೆಸುವುದರಿಂದ ಯಾರಿಗೂ ಉಪಯೋಗವಿಲ್ಲ, ತಕ್ಕ ಮುಚ್ಚಳಿಕೆ, ಭದ್ರತೆ ಪಡೆದು ಬಿಡಬೇಕು ಎಂದು ಸುಪ್ರೀಂ ಕೋರ್ಟ್ ಅದರಲ್ಲಿ ಸ್ಪಷ್ಟವಾಗಿ ಹೇಳಿದೆ. 497ನೇ ಕಲಂ ಈಗ ದಿನದ ಲೆಕ್ಕವನ್ನೂ ಕೊಟ್ಟಿದೆ. ಮುದ್ದಾಮಾಲು ಮುಂದೆ ಬಂದ 14 ದಿನದೊಳಗೆ ನ್ಯಾಯಾಲಯ ಅದರ ವಿವರಪಟ್ಟಿ ಮಾಡಬೇಕು, ಫೋಟೊ ಅಥವಾ ವಿಡಿಯೊ ತೆಗೆಸಬೇಕು. ಅಲ್ಲಿಂದ 30 ದಿನದೊಳಗೆ ಏನು ಮಾಡಬೇಕೆಂದು ಆದೇಶಿಸಬೇಕು.

ಆದೇಶವಾದರೆ ಸಾಮಾನ್ಯವಾಗಿ ಬರುವ ಷರತ್ತುಗಳು: ಗಾಡಿಯ ಬೆಲೆಯಷ್ಟು ಮೊತ್ತದ ಇಂಡೆಮ್ನಿಟಿ ಬಾಂಡ್ (ನಷ್ಟಭರ್ತಿ ಮುಚ್ಚಳಿಕೆ), ಒಬ್ಬ ಜಾಮೀನುದಾರ, ಮಾರಬಾರದು, ಬಣ್ಣ ಬದಲಿಸಬಾರದು, ಕರೆದಾಗ ಹಾಜರುಪಡಿಸಬೇಕು. ಬೆಲೆಗೆ ವಿಮೆ ಪಾಲಿಸಿಯಲ್ಲಿರುವ ಐಡಿವಿ (ವಿಮೆಗೆ ಘೋಷಿಸಿದ ಗಾಡಿಯ ಬೆಲೆ) ತೋರಿಸಿ. ಜಾಮೀನುದಾರರ ಪಹಣಿ ಮತ್ತು ಆಧಾರ್ ಮೊದಲೇ ಸಿದ್ಧ ಇಟ್ಟುಕೊಳ್ಳಿ. ಆದೇಶವಾದ ಮೇಲೆ ಜಾಮೀನುದಾರರನ್ನು ಹುಡುಕಿಕೊಂಡು ವಾರ ಕಳೆಯುವವರೇ ಜಾಸ್ತಿ.

ಇನ್ನೊಂದು ಮಾತು. ಗಣಿ ಇಲಾಖೆಯಲ್ಲಿ ದಂಡ ಕಟ್ಟಿ ರಾಜಿ ಮಾಡಿಕೊಂಡರೆ (ಗಣಿ ಕಾಯ್ದೆಯ 23ಎ ಕಲಂ) ಎಲ್ಲ ಮುಗಿಯಿತು ಎಂದು ಯಾರಾದರೂ ಹೇಳಿದರೆ ಎಫ್‌ಐಆರನ್ನು ಇನ್ನೊಮ್ಮೆ ಓದಿ. ಅದರಲ್ಲಿ ಕಳ್ಳತನದ ಕಲಂ ಕೂಡ ಇದ್ದರೆ (ಈಗ ಭಾರತೀಯ ನ್ಯಾಯ ಸಂಹಿತೆ, ಅಂದರೆ ಬಿಎನ್‌ಎಸ್ 303) ರಾಜಿಯಾದರೂ ಆ ಕೇಸು ಮುಂದುವರಿಯುತ್ತದೆ. 2020ರ ಜಯಂತ್ ವಿರುದ್ಧ ಮಧ್ಯಪ್ರದೇಶ ಸರ್ಕಾರ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಹೇಳಿದೆ. ಗಾಡಿಯ ಬಿಡುಗಡೆಗೆ ಆಗಲೂ ನ್ಯಾಯಾಲಯದ ಆದೇಶ ಬೇಕಾಗುತ್ತದೆ.

ಪ್ರಶ್ನೆ: ನನ್ನ ಲಾರಿಯಲ್ಲಿ ಡ್ರೈವರ್ ಪರ್ಮಿಟ್ ಇಲ್ಲದ ಮರದ ದಿಮ್ಮಿ ಸಾಗಿಸಿದನೆಂದು ಅರಣ್ಯ ಇಲಾಖೆಯವರು ಹಿಡಿದಿದ್ದಾರೆ. ಏಳು ದಿನದಲ್ಲಿ ಉತ್ತರ ಕೊಡಿ ಎಂದು ಕಾರಣ ಕೇಳಿ ನೋಟಿಸ್ ಬಂದಿದೆ. 'ನನಗೆ ಗೊತ್ತಿರಲಿಲ್ಲ' ಎಂದು ಬರೆದುಕೊಟ್ಟರೆ ಸಾಕೇ? ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಹೋಗಲೇ?

ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಹೋಗಿ ಹಣ, ಸಮಯ ಕಳೆದುಕೊಳ್ಳಬೇಡಿ. ಕರ್ನಾಟಕ ಅರಣ್ಯ ಕಾಯ್ದೆ 1963ರ 71-ಎ ಕಲಂ ಅಡಿ ಮುಟ್ಟುಗೋಲು ಪ್ರಕ್ರಿಯೆ ಶುರುವಾಗಿದ್ದರೆ ಗಾಡಿ ಬಿಡುವ ಅಧಿಕಾರ ಮ್ಯಾಜಿಸ್ಟ್ರೇಟರಿಗೆ ಇರುವುದಿಲ್ಲ. 2002ರ ಕುಂಚಿಂದಮ್ಮದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಇತ್ಯರ್ಥ ಮಾಡಿದೆ, ಅದು ನಮ್ಮ ರಾಜ್ಯದ್ದೇ ಕೇಸು. ನಿಮ್ಮ ಅಹವಾಲು ಕೇಳಬೇಕಾದವರು ಅಧಿಕೃತ ಅಧಿಕಾರಿ, ಅಂದರೆ ಸಹಾಯಕ ಅರಣ್ಯ ಸಂರಕ್ಷಣಾಧಿಕಾರಿ ದರ್ಜೆಗೆ ಕಡಿಮೆಯಿಲ್ಲದವರು. ತಾತ್ಕಾಲಿಕ ಬಿಡುಗಡೆಯನ್ನೂ ಅವರಲ್ಲೇ ಕೇಳಬೇಕು. ಆದರೆ ಕೃಷ್ಣನ್ ಪ್ರಕರಣದಲ್ಲಿ (2000) ಸುಪ್ರೀಂ ಕೋರ್ಟ್ ಅರಣ್ಯ ಅಪರಾಧದ ಗಾಡಿಗಳನ್ನು ಸಲೀಸಾಗಿ ಬಿಡಬಾರದು, ಬಿಟ್ಟರೂ ಕನಿಷ್ಠ ಬ್ಯಾಂಕ್ ಗ್ಯಾರಂಟಿ ಬೇಕು ಎಂದಿದೆ. ಬರೀ ಮುಚ್ಚಳಿಕೆಯ ಮೇಲೆ ಬಿಡುತ್ತಾರೆಂಬ ಆಸೆ ಇಟ್ಟುಕೊಳ್ಳಬೇಡಿ.

'ನನಗೆ ಗೊತ್ತಿರಲಿಲ್ಲ' ಎಂಬ ಒಂದು ಸಾಲು ಸಾಲದು. ಲಾರಿಗಳು ಕೈತಪ್ಪಿ ಹೋಗುವುದು ಬಹುಮಟ್ಟಿಗೆ ಇದೇ ಸಾಲಿನಿಂದ. 71-ಬಿ ಕಲಮನ್ನು ನಿಧಾನವಾಗಿ ಓದಿ. ಗಾಡಿ ಹಾಗೆ ಬಳಕೆಯಾದದ್ದು ಮಾಲೀಕರಿಗೂ ಗೊತ್ತಿರಲಿಲ್ಲ, ಅವರ ಏಜೆಂಟ್ ಇದ್ದರೆ ಅವರಿಗೂ ಗೊತ್ತಿರಲಿಲ್ಲ, ಗಾಡಿ ಯಾರ ಸುಪರ್ದಿಯಲ್ಲಿತ್ತೋ ಅವರಿಗೂ ಗೊತ್ತಿರಲಿಲ್ಲ, ಶಾಮೀಲೂ ಇರಲಿಲ್ಲ ಎಂದು ಮಾಲೀಕರು ತೋರಿಸಬೇಕು. ಸಾಲದ್ದಕ್ಕೆ ಇವರಲ್ಲಿ ಪ್ರತಿಯೊಬ್ಬರೂ ತಕ್ಕ ಮುನ್ನೆಚ್ಚರಿಕೆ ವಹಿಸಿದ್ದರು ಎಂದೂ ತೋರಿಸಬೇಕು. ಡ್ರೈವರನೂ ಇದರೊಳಗೆ ಬರುತ್ತಾನೆ. ಉತ್ತರವೆಲ್ಲ ನಿಮ್ಮ ಮುಗ್ಧತೆಯ ಬಗ್ಗೆಯೇ ಇದ್ದು ಡ್ರೈವರ್ ಬಗ್ಗೆ ಮೌನವಾಗಿದ್ದರೆ ಅಧಿಕಾರಿ ಆ ಮೌನವನ್ನೇ ಹಿಡಿದು ಮುಟ್ಟುಗೋಲು ಆದೇಶ ಬರೆಯಬಹುದು.

ಆದ್ದರಿಂದ ಉತ್ತರದಲ್ಲಿ ಆ ಟ್ರಿಪ್ಪಿನ ಕತೆ ಗಂಟೆಗಂಟೆಗೂ ಬರಲಿ. ಬಾಡಿಗೆ ಗೊತ್ತು ಮಾಡಿದವರು ಯಾರು, ಯಾವ ಸರಕು ಎಂದು ಹೇಳಿದ್ದರು, ಎಲ್ಲಿಂದ ಎಲ್ಲಿಗೆ, ಎಷ್ಟು ಬಾಡಿಗೆ. ಅದಕ್ಕೆ ಟ್ರಿಪ್ ಶೀಟ್, ಲೋಡಿಂಗ್ ಚೀಟಿ, ಮುಂಗಡ ಹಾಕಿದ ಯುಪಿಐ ದಾಖಲೆ, ಫಾಸ್ಟ್ಯಾಗ್ ವಿವರ, ಜಿಪಿಎಸ್ ಇದ್ದರೆ ಆ ದಿನದ ದಾರಿ, ಡೀಸೆಲ್ ಬಿಲ್ಲು, ವಾಟ್ಸ್‌ಆ್ಯಪ್ ಸಂದೇಶಗಳ ಮುದ್ರಿತ ಪ್ರತಿ ಲಗತ್ತಿಸಿ. 'ಪಾಸ್ ಇಲ್ಲದ ಮರ, ಸೌದೆ, ಇದ್ದಿಲು ಹೇರಬಾರದು' ಎಂದು ಡ್ರೈವರನಿಗೆ ಮೊದಲೇ ಬರೆದುಕೊಟ್ಟು ಸಹಿ ಪಡೆದ ಪತ್ರವಿದ್ದರೆ ಅದಕ್ಕೆ ಬಹಳ ತೂಕ. ಇಲ್ಲದಿದ್ದರೆ ಈಗ ಹಿಂದಿನ ತಾರೀಖು ಹಾಕಿ ಸೃಷ್ಟಿಸಲು ಹೋಗಬೇಡಿ. ಪಾಟೀಸವಾಲಿನಲ್ಲಿ ಸಿಕ್ಕಿಬಿದ್ದರೆ ಉಳಿದ ನಿಜವಾದ ಕಾಗದಗಳೂ ನಂಬಿಕೆ ಕಳೆದುಕೊಳ್ಳುತ್ತವೆ. ಡ್ರೈವರನಿಗೆ ಸುಳ್ಳು ಪಾಸ್ ತೋರಿಸಿ ಮೋಸ ಮಾಡಿ ಹೇರಿದ್ದರೆ ಅವನ ಪ್ರಮಾಣಪತ್ರವೂ ಇರಲಿ.

ನ್ಯಾಯಯುತ ವಿಚಾರಣೆ ಎಂದರೆ ನೋಟಿಸ್ ಕೊಟ್ಟು ಸಹಿ ಹಾಕಿಸಿಕೊಳ್ಳುವುದಷ್ಟೇ ಅಲ್ಲ. ಅದೇ 71-ಬಿ ಮೂರು ಸಂಗತಿ ಕೇಳುತ್ತದೆ: ಕಾರಣಗಳನ್ನು ತಿಳಿಸುವ ಲಿಖಿತ ನೋಟಿಸ್, ಲಿಖಿತ ಉತ್ತರಕ್ಕೆ ತಕ್ಕ ಕಾಲಾವಕಾಶ, ಅಹವಾಲು ಹೇಳಿಕೊಳ್ಳಲು ತಕ್ಕ ಅವಕಾಶ. ಹಾಗಾಗಿ ಏಳು ದಿನ ಮುಗಿಯುವುದರೊಳಗೆ ಒಂದು ಪತ್ರ ಕೊಡಿ. ಮಹಜರು, ಡ್ರೈವರನ ಹೇಳಿಕೆ, ಮರದ ಜಾತಿ ಮತ್ತು ಅಳತೆಯ ಪಟ್ಟಿ, ಫೋಟೊಗಳ ಪ್ರತಿ ಕೇಳಿ. ಅವು ಸಿಕ್ಕ ಮೇಲೆ 15 ದಿನ ಕಾಲಾವಕಾಶ ಕೇಳಿ. ಮಹಜರು ಬರೆದ ಅಧಿಕಾರಿಯನ್ನೂ ಪಂಚರನ್ನೂ ಪಾಟೀಸವಾಲು ಮಾಡಬೇಕಿದ್ದರೆ ಅದನ್ನೂ ಅದೇ ಪತ್ರದಲ್ಲಿ ಕೇಳಿ. ಆಮೇಲೆ ಮೇಲ್ಮನವಿಯಲ್ಲಿ 'ಅವಕಾಶ ಕೊಡಲಿಲ್ಲ' ಎಂದರೆ 'ನೀವು ಕೇಳಿದ್ದು ಎಲ್ಲಿದೆ?' ಎಂಬ ಪ್ರಶ್ನೆ ಬಂದೇ ಬರುತ್ತದೆ. ವಿಚಾರಣೆಯ ದಿನ ಕಡತದಲ್ಲಿ ನಿಮ್ಮ ಹಾಜರಿ ದಾಖಲಾಗಿದೆಯೇ ನೋಡಿ, ಆ ದಿನದ ನಡಾವಳಿಯ ದೃಢೀಕೃತ ಪ್ರತಿಗೆ ನಕಲು ಅರ್ಜಿ ಹಾಕಿ. ಅಹವಾಲು ಕೇಳಿದ ಅಧಿಕಾರಿ ವರ್ಗವಾಗಿ ಹೊಸಬರು ಬಂದರೆ 'ಮತ್ತೆ ವಾದ ಕೇಳಿ' ಎಂದು ಬರೆದುಕೊಡಿ. ಕೇಳಿದವರು ಒಬ್ಬರು, ತೀರ್ಮಾನಿಸಿದವರು ಇನ್ನೊಬ್ಬರು ಎಂದಾಗಬಾರದು.

ಆದೇಶ ನಿಮ್ಮ ವಿರುದ್ಧ ಬಂದರೆ ಸೆಷನ್ಸ್ ನ್ಯಾಯಾಧೀಶರಿಗೆ ಮೇಲ್ಮನವಿ ಇದೆ (71-ಡಿ), ಗಡುವು 30 ದಿನ. ಗಾಡಿಯನ್ನು ಹರಾಜು ಹಾಕದಂತೆ ತಡೆಯಾಜ್ಞೆಯನ್ನೂ ಅದರೊಂದಿಗೇ ಕೇಳಿ. ನಿಮ್ಮ ಉತ್ತರದಲ್ಲಿ ಹೇಳಿದ್ದಕ್ಕೆ ಒಂದು ಮಾತೂ ಉತ್ತರಿಸದೆ 'ವಿವರಣೆ ಸಮಾಧಾನಕರವಾಗಿಲ್ಲ' ಎಂದಷ್ಟೇ ಬರೆದ ಆದೇಶ ಇದ್ದರೆ ಮೇಲ್ಮನವಿಯ ಮೊದಲ ಆಧಾರ ಅದೇ ಆಗಲಿ. ಕಾರಣ ಕೊಡದ ಆದೇಶ, ಅಹವಾಲು ಕೇಳದ ಆದೇಶಕ್ಕೆ ಸಮ.

ಪ್ರಶ್ನೆ: ಹಳೆಯ ಪಿಕಪ್ ಕೊಂಡು ಎರಡು ವರ್ಷ ಆಯಿತು, ಆರ್‌ಸಿ ಇನ್ನೂ ಹಿಂದಿನವರ ಹೆಸರಲ್ಲೇ ಇದೆ. ಈಗ ಜಪ್ತಿಯಾಗಿದೆ. ಬಿಡಿಸಿಕೊಳ್ಳಲು ನನಗೆ ಹಕ್ಕಿದೆಯೇ?

ಕಷ್ಟ ಇದೆ, ದಾರಿ ಮುಚ್ಚಿಲ್ಲ. ಇಲಾಖೆಯ ಕಣ್ಣಿಗೆ ಮಾಲೀಕರು ಎಂದರೆ ಆರ್‌ಸಿಯಲ್ಲಿ ಹೆಸರಿರುವವರು. ನೋಟಿಸ್ ಕೂಡ ಅವರ ವಿಳಾಸಕ್ಕೇ ಹೋಗುತ್ತದೆ. ಅವರು ಅದನ್ನು ಪಕ್ಕಕ್ಕಿಟ್ಟರೆ ನಿಮಗೆ ತಿಳಿಯುವ ಮೊದಲೇ ಏಕಪಕ್ಷೀಯ ಆದೇಶ ಆಗಿಬಿಡುತ್ತದೆ. ಇವತ್ತೇ ಅವರನ್ನು ಕಾಣಿ. ಅವರ ಹೆಸರಲ್ಲೇ ಅರ್ಜಿ ಹಾಕಿಸಿ, ಇಲ್ಲವೇ 'ಗಾಡಿಯನ್ನು ಇಂಥವರಿಗೆ ಮಾರಿದ್ದೇನೆ, ಅವರಿಗೆ ಬಿಡಲು ನನ್ನ ತಕರಾರಿಲ್ಲ' ಎಂಬ ಪ್ರಮಾಣಪತ್ರ ಪಡೆಯಿರಿ. ಸಹಿಯಾದ ಫಾರ್ಮ್ 29, 30, ಹಣ ಕೊಟ್ಟ ದಾಖಲೆ, ನಿಮ್ಮ ಹೆಸರಿನ ವಿಮೆ ಇದ್ದರೆ ಅದು, ಎಲ್ಲ ಲಗತ್ತಿಸಿ. ಮಾಲೀಕತ್ವ ವರ್ಗಾವಣೆಯನ್ನು ಕೊಂಡವರು 30 ದಿನದೊಳಗೆ ತಿಳಿಸಬೇಕೆಂದು ಮೋಟಾರು ವಾಹನ ಕಾಯ್ದೆಯ 50ನೇ ಕಲಂ ಹೇಳುತ್ತದೆ. ಮುಟ್ಟುಗೋಲಿನ ನೋಟಿಸ್ ಕೊಟ್ಟ ಅಧಿಕಾರಿಗೆ ನಿಮ್ಮ ವಿಳಾಸ, ಫೋನ್ ನಂಬರ್ ಬರೆದುಕೊಟ್ಟು 'ನಾನೂ ಹಿತಾಸಕ್ತ, ನನ್ನನ್ನೂ ಕೇಳಿ' ಎಂದು ಅರ್ಜಿ ಹಾಕಿ.

ಪ್ರಶ್ನೆ: ಹಳದಿ ಬೋರ್ಡ್ ಗಾಡಿ. ಪರ್ಮಿಟ್ ನವೀಕರಣ ತಡವಾಗಿತ್ತು. ಸಾರಿಗೆ ಅಧಿಕಾರಿಗಳು ಚೆಕ್ ರಿಪೋರ್ಟ್ ಬರೆದು ಗಾಡಿ ನಿಲ್ಲಿಸಿಕೊಂಡಿದ್ದಾರೆ. ಕೋರ್ಟಿಗೇ ಹೋಗಬೇಕೇ?

ಬೇಡ. ಇದು ಮೋಟಾರು ವಾಹನ ಕಾಯ್ದೆ 1988ರ 207ನೇ ಕಲಂ. ಲೈಸೆನ್ಸ್ ಇಲ್ಲದೆ, ನೋಂದಣಿ ಇಲ್ಲದೆ, ಪರ್ಮಿಟ್ ಇಲ್ಲದೆ ಅಥವಾ ಪರ್ಮಿಟ್ಟಿನ ದಾರಿ, ಪ್ರದೇಶ, ಉದ್ದೇಶ ಮೀರಿ ಓಡಿಸಿದರೆ ಗಾಡಿ ತಡೆಹಿಡಿಯಬಹುದು. ಅದೇ ಕಲಮಿನ ಎರಡನೇ ಉಪಕಲಂ ಪ್ರಕಾರ ದಾಖಲೆಗಳೊಂದಿಗೆ ಸಾರಿಗೆ ಕಚೇರಿಯಲ್ಲೇ ಬಿಡುಗಡೆಗೆ ಅರ್ಜಿ ಕೊಡಬಹುದು. ಅವರು ಪರಿಶೀಲಿಸಿ ಷರತ್ತು ಹಾಕಿ ಬಿಡಬಹುದು. ಲೈಸೆನ್ಸ್ ಅಥವಾ ಪರ್ಮಿಟ್ ಇಲ್ಲದ ಪ್ರಕರಣದಲ್ಲಿ ಗಾಡಿಯ ಬದಲು ಆರ್‌ಸಿಯನ್ನಷ್ಟೇ ಪಡೆದು ಸ್ವೀಕೃತಿ ಕೊಡುವ ಅವಕಾಶವೂ ಕಾಯ್ದೆಯಲ್ಲಿದೆ. ಪ್ರಯಾಣಿಕರೋ ಬೇಗ ಕೆಡುವ ಸರಕೋ ಇದ್ದಾಗ ಇದನ್ನು ಸ್ಥಳದಲ್ಲೇ ಕೇಳಿ.

ಗಾಡಿ ಬಿಟ್ಟರೂ ಪರ್ಮಿಟ್ ರದ್ದತಿಯ ನೋಟಿಸ್ ಆಮೇಲೆ ಬರಬಹುದು (86ನೇ ಕಲಂ). ಅದಕ್ಕೆ ವಿವರಣೆ ಕೊಡಲು ಅವಕಾಶ ಕೊಡದೆ ರದ್ದು ಮಾಡುವಂತಿಲ್ಲ. ರದ್ದತಿ ಅಥವಾ ಅಮಾನತಿನ ಬದಲು ಒಪ್ಪಿತ ಮೊತ್ತ ಕಟ್ಟಿಸಿಕೊಳ್ಳುವ ಅಧಿಕಾರವೂ ಪ್ರಾಧಿಕಾರಕ್ಕಿದೆ, ಅದನ್ನು ನಿಮ್ಮ ವಿವರಣೆಯಲ್ಲೇ ಕೋರಿಕೊಳ್ಳಿ. ಅದರ ಮೇಲೆ ಮೇಲ್ಮನವಿ ರಾಜ್ಯ ಸಾರಿಗೆ ಮೇಲ್ಮನವಿ ನ್ಯಾಯಮಂಡಳಿಗೆ. ಆರ್‌ಸಿಯನ್ನೇ ಅಮಾನತು ಮಾಡಿದ್ದರೆ ಮೇಲ್ಮನವಿಗೆ ಗಡುವು 30 ದಿನ.

ವಿಮೆ ಇಲ್ಲ ಎಂಬುದು 207ನೇ ಕಲಮಿನ ಪಟ್ಟಿಯಲ್ಲಿ ಇಲ್ಲ, ಅದಕ್ಕೆ ದಂಡ ಬೇರೆ. ಆದರೆ ವಿಮೆಯಿಲ್ಲದ ಗಾಡಿ ಅಪಘಾತ ಮಾಡಿ ಸಾವು, ಗಾಯವಾಗಿದ್ದರೆ ಲೆಕ್ಕವೇ ಬೇರೆ. ಪರಿಹಾರಕ್ಕೆ ಸಾಕಾಗುವ ಭದ್ರತೆ ಕೊಡದೆ ಅಂಥ ಗಾಡಿ ಹೊರಬರುವುದಿಲ್ಲ.

ಪ್ರಶ್ನೆ: ಬಾಡಿಗೆಗೆ ಓಡಿಸುವ ಗೂಡ್ಸ್ ಗಾಡಿಯಲ್ಲಿ ಪಡಿತರ ಅಕ್ಕಿ ಸಿಕ್ಕಿತೆಂದು ಹಿಡಿದು ಜಿಲ್ಲಾಧಿಕಾರಿ ಕಚೇರಿಯಿಂದ ನೋಟಿಸ್ ಬಂದಿದೆ. ಗಾಡಿಯನ್ನೇ ಕಿತ್ತುಕೊಳ್ಳುತ್ತಾರೆಯೇ?

ಅಗತ್ಯ ವಸ್ತುಗಳ ಕಾಯ್ದೆ 1955ರ 6ಎ ಕಲಂ. ಮುಟ್ಟುಗೋಲು ಮಾಡುವ ಅಧಿಕಾರ ಜಿಲ್ಲಾಧಿಕಾರಿಗಳದ್ದು. ಬಹಳ ಮಂದಿ ಬಾಡಿಗೆ ಗಾಡಿಯವರಿಗೆ ಗೊತ್ತಿಲ್ಲದ ಒಂದು ಸಾಲು ಇದರಲ್ಲಿದೆ. ಬಾಡಿಗೆಗೆ ಸರಕು ಅಥವಾ ಪ್ರಯಾಣಿಕರನ್ನು ಒಯ್ಯುವ ಗಾಡಿಯಾದರೆ, ಮುಟ್ಟುಗೋಲಿನ ಬದಲು ದಂಡ ಕಟ್ಟುವ ಆಯ್ಕೆಯನ್ನು ಮಾಲೀಕರಿಗೆ ಕೊಡಲೇಬೇಕು. ಆ ದಂಡ, ಜಪ್ತಿಯ ದಿನ ಆ ಸರಕಿಗಿದ್ದ ಮಾರುಕಟ್ಟೆ ಬೆಲೆಯನ್ನು ಮೀರುವಂತಿಲ್ಲ. ಉದಾಹರಣೆಗೆ 20 ಕ್ವಿಂಟಲ್ ಅಕ್ಕಿ, ಕಿಲೋಗೆ 25 ರೂಪಾಯಿ ಎಂದರೆ ದಂಡದ ಮಿತಿ 50,000 ರೂಪಾಯಿ. ಗಾಡಿಯ ಬೆಲೆ 6 ಲಕ್ಷ ಇದ್ದರೂ ಲೆಕ್ಕ ಅಕ್ಕಿಯ ಮೇಲೆಯೇ. ನಿಮ್ಮ ಉತ್ತರದ ಕೊನೆಯಲ್ಲಿ 'ಪರ್ಯಾಯವಾಗಿ ಈ ಆಯ್ಕೆ ಕೊಡಿ' ಎಂದು ಸ್ಪಷ್ಟವಾಗಿ ಬರೆಯಿರಿ, ಗಾಡಿ ಬಾಡಿಗೆಯದ್ದೇ ಎಂಬುದಕ್ಕೆ ಪರ್ಮಿಟ್, ಹಳೆಯ ಬಾಡಿಗೆ ರಸೀದಿಗಳನ್ನು ಸೇರಿಸಿ.

6ಬಿ ಕಲಮಿನ ರಕ್ಷಣೆ ಅರಣ್ಯ ಕಾಯ್ದೆಯದ್ದರಂತೆಯೇ. ಮಾಲೀಕ, ಏಜೆಂಟ್, ಡ್ರೈವರ್ ಮೂವರ ಬಗ್ಗೆಯೂ ಹೇಳಬೇಕು. ಆದೇಶದ ಮೇಲೆ ಮೇಲ್ಮನವಿಗೆ ಒಂದು ತಿಂಗಳು.

ಪ್ರಶ್ನೆ: ಇ-ವೇ ಬಿಲ್ (ಸರಕು ಸಾಗಣೆಗೆ ಬೇಕಾದ ಜಿಎಸ್‌ಟಿ ಆನ್‌ಲೈನ್ ಚೀಟಿ) ಅವಧಿ ದಾರಿಯಲ್ಲೇ ಮುಗಿದು ಲಾರಿ ತಡೆದಿದ್ದಾರೆ. ಸರಕಿನ ಮಾಲೀಕರು ಫೋನ್ ತೆಗೆಯುತ್ತಿಲ್ಲ. ಡ್ರೈವರನಿಂದ ಏನೇನೋ ಸಹಿ ಹಾಕಿಸಿಕೊಂಡಿದ್ದಾರಂತೆ. ಸಾಗಣೆದಾರನಾದ ನನ್ನ ಗತಿ?

ಜಿಎಸ್‌ಟಿ ಕಾಯ್ದೆಯ 129ನೇ ಕಲಮಿನಲ್ಲಿ ಪ್ರತಿ ಹಂತಕ್ಕೂ ನಮೂನೆ ಇದೆ. ಎಂಒವಿ-01 ಡ್ರೈವರನ ಹೇಳಿಕೆ, 02 ಪರಿಶೀಲನೆಯ ಆದೇಶ, 04 ಪರಿಶೀಲನಾ ವರದಿ, 06 ತಡೆಹಿಡಿದ ಆದೇಶ, 07 ನೋಟಿಸ್, 09 ಅಂತಿಮ ಆದೇಶ. ಡ್ರೈವರ್ ಸಹಿ ಹಾಕಿದ್ದು ಯಾವುದಕ್ಕೆ ಎಂದು ಮೊಬೈಲಿನಲ್ಲಿ ಫೋಟೊ ತರಿಸಿಕೊಳ್ಳಿ. ತಡೆಹಿಡಿದ 7 ದಿನದೊಳಗೆ ನೋಟಿಸ್ ಬರಬೇಕು, ನೋಟಿಸ್ ಜಾರಿಯಾದ 7 ದಿನದೊಳಗೆ ಆದೇಶ ಆಗಬೇಕು. ಅಹವಾಲು ಕೇಳದೆ ದಂಡ ನಿರ್ಧರಿಸುವಂತಿಲ್ಲ.

ಸರಕಿನ ಮಾಲೀಕರು ಮುಂದೆ ಬಂದರೆ ದಂಡ ತೆರಿಗೆಯ 200%. 4 ಲಕ್ಷದ ಸರಕು, 18% ತೆರಿಗೆ ಎಂದರೆ ತೆರಿಗೆ 72,000, ದಂಡ 1,44,000. ಬಾರದಿದ್ದರೆ ಸರಕಿನ ಬೆಲೆಯ 50% ಅಥವಾ ತೆರಿಗೆಯ 200%, ಯಾವುದು ಹೆಚ್ಚೋ ಅದು. ಅಂದರೆ ಇಲ್ಲಿ 2 ಲಕ್ಷ. ನಿಮಗೆ ಬೇಕಾದದ್ದು ಇದು: ಆ ದಂಡ ಅಥವಾ 1 ಲಕ್ಷ ರೂಪಾಯಿ, ಯಾವುದು ಕಡಿಮೆಯೋ ಅಷ್ಟನ್ನು ಸಾಗಣೆದಾರರು ಕಟ್ಟಿದರೆ ಗಾಡಿಯನ್ನು ಬಿಡಬೇಕು. ಸರಕು ಅಲ್ಲೇ ಉಳಿಯಲಿ, ಲಾರಿ ದುಡಿಯಲಿ.

ಹೆಸರಿನ ಅಕ್ಷರ ತಪ್ಪು, ಪಿನ್‌ಕೋಡ್ ತಪ್ಪು, ಗಾಡಿ ನಂಬರಿನಲ್ಲಿ ಒಂದೆರಡು ಅಂಕಿ ಹೆಚ್ಚುಕಮ್ಮಿಯಂಥ ಸಣ್ಣ ದೋಷಗಳಿಗೆ 129ನೇ ಕಲಂ ಹಚ್ಚಬಾರದು, ಕೇಂದ್ರ ಮತ್ತು ರಾಜ್ಯ ತೆರಿಗೆಯಡಿ ತಲಾ 500 ರೂಪಾಯಿ ದಂಡ ಸಾಕು ಎಂದು 2018ರ ಸೆಪ್ಟೆಂಬರ್ ಸುತ್ತೋಲೆ ಹೇಳುತ್ತದೆ. ಅವಧಿ ಮುಗಿದದ್ದು ಆ ಪಟ್ಟಿಯಲ್ಲಿಲ್ಲ. ಆದರೆ ಅವಧಿ ಮುಗಿಯುವ 8 ಗಂಟೆ ಮೊದಲಿನಿಂದ ಮುಗಿದ 8 ಗಂಟೆಯವರೆಗೆ ವಿಸ್ತರಿಸಬಹುದು. ಆ 8 ಗಂಟೆಯೊಳಗೇ ತಡೆದಿದ್ದರೆ ಸಮಯವನ್ನು ನಮೂದಿಸಿ ಆಕ್ಷೇಪಣೆ ಬರೆಯಿರಿ, ಪಂಕ್ಚರ್ ಆಗಿದ್ದರೆ ಆ ಬಿಲ್ಲನ್ನೂ ಸೇರಿಸಿ. ಹಣ ಕಟ್ಟಿದ ಮೇಲೂ ಆಕ್ಷೇಪಣೆಗೆ ಕಾರಣಸಹಿತ ಆದೇಶ ಕೊಡಲೇಬೇಕೆಂದು ಸುಪ್ರೀಂ ಕೋರ್ಟ್ 2025ರಲ್ಲಿ ಎಎಸ್‌ಪಿ ಟ್ರೇಡರ್ಸ್ ಪ್ರಕರಣದಲ್ಲಿ ಹೇಳಿದೆ. ಹಾಗಾಗಿ ಕಟ್ಟುವಾಗ 'ಆಕ್ಷೇಪಣೆಯೊಂದಿಗೆ' ಎಂದು ಪತ್ರ ಕೊಡಿ.

ಪ್ರಶ್ನೆ: ಮಗ ವಿದೇಶದಲ್ಲಿದ್ದಾನೆ. ಅವನ ಹೆಸರಿನ ಕಾರನ್ನು ಪರಿಚಯದವರು ಒಯ್ದಿದ್ದರು, ಅವರ ಬ್ಯಾಗಿನಲ್ಲಿ ಗಾಂಜಾ ಸಿಕ್ಕಿ ಕಾರು ಜಪ್ತಿಯಾಗಿದೆ. ಮಾದಕ ವಸ್ತು ಕೇಸಿನಲ್ಲಿ ಗಾಡಿ ಬಿಡುವುದೇ ಇಲ್ಲವಂತೆ, ನಿಜವೇ?

ನಿಜವಲ್ಲ. 2025ರ ಜನವರಿ 7ರ ವಿಶ್ವಜಿತ್ ಡೇ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಮಾದಕ ವಸ್ತು ಕಾಯ್ದೆಯ (ಎನ್‌ಡಿಪಿಎಸ್) ಕೇಸಿನಲ್ಲೂ ಮಧ್ಯಂತರ ಬಿಡುಗಡೆಗೆ ಅಡ್ಡಿಯಿಲ್ಲ ಎಂದಿದೆ. ಮಾಲು ಸಿಕ್ಕಿದ್ದು ಮಾಲೀಕರ ಬಳಿ ಅಥವಾ ಅವರ ಡ್ರೈವರ್, ಕ್ಲೀನರ್ ಬಳಿ ಎಂದರೆ ಸಾಮಾನ್ಯವಾಗಿ ಬಿಡುವುದಿಲ್ಲ. ಕದ್ದ ಗಾಡಿಯಲ್ಲಿ ಸಿಕ್ಕಿದ್ದರೆ, ಅಥವಾ ಮಾಲೀಕರಿಗೆ ಗೊತ್ತಿತ್ತೆಂಬ ಆರೋಪವೇ ಇಲ್ಲದೆ ಬೇರೆ ಪ್ರಯಾಣಿಕರ ಬಳಿ ಸಿಕ್ಕಿದ್ದರೆ ಷರತ್ತಿನ ಮೇಲೆ ಬಿಡಬಹುದು. ನಿಮ್ಮ ಕಾರಿನ ವಿಷಯ ಕೊನೆಯ ಗುಂಪಿಗೆ ಸೇರಬಹುದು. ಎಫ್‌ಐಆರ್ ಮತ್ತು ಮಹಜರಿನಲ್ಲಿ ನಿಮ್ಮ ಮಗನ ಹೆಸರು ಬಂದಿದೆಯೇ ಎಂಬುದರ ಮೇಲೆ ನಿಂತಿದೆ. ಅಂತಿಮ ಮುಟ್ಟುಗೋಲಿಗೂ ಆ ಕಾಯ್ದೆಯ 63ನೇ ಕಲಂ ಪ್ರಕಾರ ಜಪ್ತಿಯಾದ ಒಂದು ತಿಂಗಳವರೆಗೆ ಕಾಯಬೇಕು, ಹಕ್ಕು ಹೇಳುವವರನ್ನು ಕೇಳಬೇಕು.

ಅರ್ಜಿ ವಿಶೇಷ ನ್ಯಾಯಾಲಯದಲ್ಲಿ. ಮಗ ಅಲ್ಲಿನ ಭಾರತೀಯ ಕಾನ್ಸುಲೇಟಿನಲ್ಲಿ ದೃಢೀಕರಿಸಿದ ವಿಶೇಷ ಅಧಿಕಾರ ಪತ್ರವನ್ನು ನಿಮ್ಮ ಹೆಸರಿಗೆ ಕಳಿಸಲಿ. ಅದರಲ್ಲಿ ಅರ್ಜಿ ಸಲ್ಲಿಸಲು, ಬಾಂಡ್ ಬರೆದುಕೊಡಲು, ಗಾಡಿ ಪಡೆಯಲು ಎಂದು ಮೂರನ್ನೂ ಬಿಡಿಬಿಡಿಯಾಗಿ ಬರೆದಿರಬೇಕು. ಪತ್ರ ಭಾರತಕ್ಕೆ ಬಂದ ಮೂರು ತಿಂಗಳೊಳಗೆ ಮುದ್ರಾಂಕ ಶುಲ್ಕ ಕಟ್ಟಿಸಿ.

ಪ್ರಶ್ನೆ: ಕೋರ್ಟ್ ಆದೇಶ ಸಿಕ್ಕಿದೆ. ಗಾಡಿ ನೋಡಲು ಹೋದರೆ ಬ್ಯಾಟರಿ, ಸ್ಟೆಪ್ನಿ, ಜ್ಯಾಕ್ ಇಲ್ಲ. 'ಸುಸ್ಥಿತಿಯಲ್ಲಿ ಪಡೆದಿದ್ದೇನೆ' ಎಂದು ಸಹಿ ಹಾಕು ಅನ್ನುತ್ತಾರೆ.

ಹಾಕಬೇಡಿ. ಗಾಡಿ ಬಿಟ್ಟು ಬರುವುದೂ ಬೇಡ. ಸ್ವೀಕೃತಿಯಲ್ಲಿ ನಿಮ್ಮ ಕೈಬರಹದಲ್ಲೇ 'ಈ ಕೆಳಗಿನವು ಇಲ್ಲದ ಸ್ಥಿತಿಯಲ್ಲಿ ಪಡೆದಿದ್ದೇನೆ' ಎಂದು ಬರೆದು ಪಟ್ಟಿ ಮಾಡಿ, ಆಮೇಲೆ ಸಹಿ. ಆವರಣ ಬಿಡುವ ಮೊದಲು ನಂಬರ್ ಪ್ಲೇಟಿನಿಂದ ಶುರುಮಾಡಿ ಗಾಡಿಯ ಸುತ್ತ ಒಂದೇ ಓಟದಲ್ಲಿ ವಿಡಿಯೊ ತೆಗೆಯಿರಿ. ಬ್ಯಾಟರಿ ಇದ್ದ ಜಾಗದ ಕತ್ತರಿಸಿದ ವೈರು, ಟೈರಿನ ಮೇಲಿನ ನಂಬರು, ಮೀಟರಿನ ಕಿಲೋಮೀಟರು ಎಲ್ಲವೂ ಕಾಣಲಿ. ಮಹಜರಿನಲ್ಲಿ ಆ ಭಾಗಗಳು ಬರೆದಿದ್ದವೇ ನೋಡಿ. ಬರೀ 'ಒಂದು ಲಾರಿ' ಎಂದಿದ್ದರೆ ವಾದ ಕಷ್ಟ. ಇದನ್ನು ಓದುತ್ತಿರುವ ಉಳಿದವರು ಜಪ್ತಿಯ ದಿನವೇ ನೆನಪಿಟ್ಟುಕೊಳ್ಳಬೇಕಾದದ್ದು ಇದು. ಮಹಜರು ಬರೆಯುವಾಗ ಎಂಜಿನ್ ನಂಬರ್, ಚಾಸಿ ನಂಬರ್, ಟೈರುಗಳ ಕಂಪನಿ ಮತ್ತು ನಂಬರ್, ಬ್ಯಾಟರಿ ನಂಬರ್, ಸ್ಟೆಪ್ನಿ, ಜ್ಯಾಕ್, ಟಾರ್ಪಾಲು, ಹಗ್ಗ, ಟ್ಯಾಂಕಿನ ಡೀಸೆಲ್ ಮಟ್ಟ ಸೇರಿಸಿ ಎಂದು ಡ್ರೈವರ್ ಕೇಳಬೇಕು. ಬರೆಯದಿದ್ದರೆ ಫೋಟೊ ತೆಗೆದು ಅದೇ ದಿನ ಠಾಣೆಯ ಇಮೇಲಿಗೆ ಕಳಿಸಬೇಕು.

ನಷ್ಟಕ್ಕೆ ಬಿಡುಗಡೆ ಆದೇಶ ಮಾಡಿದ ನ್ಯಾಯಾಲಯದಲ್ಲೇ ಮೆಮೊ ಹಾಕಿ, ಪ್ರತಿ ಪೊಲೀಸ್ ವರಿಷ್ಠಾಧಿಕಾರಿಗೂ ಹೋಗಲಿ. ಹಿಂದೆ ಮೈಸೂರು ರಾಜ್ಯದ ಕಾಲದ ಬಸವ್ವ ಕೋಂ ದ್ಯಾಮನಗೌಡ ಪಾಟೀಲ ಪ್ರಕರಣದಲ್ಲಿ ಪೊಲೀಸರ ವಶದಲ್ಲಿದ್ದ ಸ್ವತ್ತು ಕಳೆದುಹೋದಾಗ, ತಕ್ಕ ಜಾಗ್ರತೆ ವಹಿಸಿದ್ದೆವೆಂದು ತೋರಿಸಲಾಗದ ಸರ್ಕಾರ ಅದರ ಬೆಲೆ ಕೊಡಬೇಕು ಎಂದು ಸುಪ್ರೀಂ ಕೋರ್ಟ್ 1977ರಲ್ಲೇ ಹೇಳಿದೆ. ಮಾಲೀಕರ ಹೆಸರು ಆರ್‌ಸಿಯಲ್ಲಿ ಇದ್ದೂ ನೋಟಿಸ್ ಕೊಡದೆ ಗಾಡಿ ಹರಾಜು ಹಾಕಿದವರ ವಿರುದ್ಧವೂ ಈ ತೀರ್ಪು ಕೆಲಸಕ್ಕೆ ಬರುತ್ತದೆ. ಅದಕ್ಕೆ ಉಚ್ಚ ನ್ಯಾಯಾಲಯದಲ್ಲಿ ರಿಟ್ ಅರ್ಜಿ. ಬೆಂಗಳೂರು, ಧಾರವಾಡ, ಕಲಬುರಗಿ, ಯಾವ ಪೀಠ ಎಂಬುದು ನಿಮ್ಮ ಜಿಲ್ಲೆಯ ಮೇಲೆ.

ಮಳೆಗಾಲ ಪೂರ್ತಿ ಬಯಲಲ್ಲಿ ನಿಂತ ಗಾಡಿಯನ್ನು ಅಲ್ಲೇ ಸ್ಟಾರ್ಟ್ ಮಾಡಲು ಹೋಗಬೇಡಿ. ಟ್ಯಾಂಕಿನಲ್ಲಿ ನೀರು ಸೇರಿರುತ್ತದೆ, ಇಲಿ ವೈರಿಂಗ್ ಕಡಿದಿರುತ್ತದೆ. ಡೀಸೆಲ್ ಫಿಲ್ಟರಿನ ನೀರು ಬಸಿದು, ಎಂಜಿನ್ ಆಯಿಲ್ ನೋಡಿ, ಮೆಕ್ಯಾನಿಕ್ ಕೈಯಲ್ಲಿ ಪರೀಕ್ಷೆ ಮಾಡಿಸಿ. ಅವರ ಅಂದಾಜು ಪಟ್ಟಿ ನಷ್ಟದ ಅರ್ಜಿಗೂ ಬೇಕಾಗುತ್ತದೆ. ವಿಮೆ ಮುಗಿದಿದ್ದರೆ ರಸ್ತೆಗೆ ಇಳಿಸುವ ಮೊದಲು ಮಾಡಿಸಿ, ಇಲ್ಲದಿದ್ದರೆ ಎಳೆಸಿಕೊಂಡೇ ಹೋಗಿ.

ವಕೀಲರನ್ನು ಇಟ್ಟುಕೊಳ್ಳಲು ಆಗದಿದ್ದರೆ ತಾಲ್ಲೂಕು ಕಾನೂನು ಸೇವಾ ಸಮಿತಿ ನ್ಯಾಯಾಲಯದ ಆವರಣದಲ್ಲೇ ಇರುತ್ತದೆ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು, ಆದಾಯ ಕಡಿಮೆ ಇರುವವರು ಉಚಿತ ವಕೀಲರನ್ನು ಪಡೆಯಬಹುದು. ಸಹಾಯವಾಣಿ 15100.